ಕಥೆಗಾರರ ಕಟ್ಟೆ: ಎಲ್ಲೂ ಇಲ್ಲದ ಕೋಶಕ್ಕೆ ಅಳತೆ, ಅಕಾರಾದಿ ಮತ್ತು ಒಂದಿಷ್ಟು ತಪ್ಪು

ಕಾಲವನ್ನೂ ನಾದವನ್ನೂ ಪಳಗಿಸುವ ಮಾಯಾವಿದ್ಯೆಗೆ ಒಂದು ಪಂಡಿತಗ್ರಂಥ ಇದೆ ಎಂದು ಕಲ್ಪಿಸಿಕೊಂಡು, ಅದರ ಪುಟಗಳನ್ನು ತಮ್ಮ ಕಥೆಯೊಳಗೆ ತರಲು ಹೊರಟವರ ಪತ್ರಗಳು ಈ ಸಲ ಒಟ್ಟಿಗೇ ಬಂದಿವೆ. ಹಾಗಾಗಿ ಇಡೀ ಅಂಕಣವನ್ನು ಅವಕ್ಕೇ ಬಿಟ್ಟುಕೊಟ್ಟಿದ್ದೇವೆ.

ಪ್ರಶ್ನೆ: ನನ್ನ ಕಾದಂಬರಿಯಲ್ಲಿ ಒಬ್ಬ ಪಂಡಿತ ಬರೆದ ಕೋಶವಿದೆ. ಅದರ ಹತ್ತು ನಮೂದು ಬರೆದೆ. ಓದಿದವರೆಲ್ಲ ‘ಇದು ಕೋಶದ ಹಾಗಿಲ್ಲ, ಜಾಹೀರಾತಿನ ಹಾಗಿದೆ’ ಅನ್ನುತ್ತಾರೆ. ಒಂದು ಮಾದರಿ: ‘ಸ್ತಂಭನಾದ: ಯುಗಯುಗಗಳಿಂದ ಗುಪ್ತವಾಗಿದ್ದ, ಕಾಲವನ್ನೇ ಸ್ತಬ್ಧಗೊಳಿಸುವ ಮಹಾಶಕ್ತಿಶಾಲಿ ಧ್ವನಿ.’ ಎಲ್ಲಿ ತಪ್ಪಿದೆ? (ಶಿರಸಿ)

ಕೋಶ ಬರೆಯುವವನಿಗೆ ತನ್ನ ವಿಷಯದ ಬಗ್ಗೆ ಬೆರಗು ಇರುವುದಿಲ್ಲ, ಬೇಸರ ಇದ್ದರೂ ಇದ್ದೀತು. ‘ಮಹಾಶಕ್ತಿಶಾಲಿ’ ಎಂದು ಬರೆಯುವ ಬದಲು ಎಷ್ಟು ಹೊತ್ತು, ಯಾರ ಮೇಲೆ, ಎಲ್ಲಿ ಕೈಕೊಡುತ್ತದೆ ಎಂದು ಬರೆಯುತ್ತಾನೆ. ವಿಶೇಷಣ ತೆಗೆದು ಅಳತೆ ಇಡಿ. ಅಳತೆಗಾಗಿ ಹೊಸದೇನನ್ನೂ ಕಲ್ಪಿಸಬೇಕಾಗಿಲ್ಲ. ಕಾಲವನ್ನು ಉಚ್ಚಾರದಿಂದಲೇ ಅಳೆಯುವ ಲೆಕ್ಕ ನಮ್ಮ ಸಿದ್ಧಾಂತ ಜ್ಯೋತಿಷದಲ್ಲಿ ಸಿದ್ಧವಾಗಿದೆ. 10 ಗುರು ಅಕ್ಷರ ಹೇಳುವ ಹೊತ್ತು 1 ಪ್ರಾಣ, 6 ಪ್ರಾಣ 1 ವಿಗಳಿಗೆ, 60 ವಿಗಳಿಗೆ 1 ಗಳಿಗೆ, 60 ಗಳಿಗೆ 1 ದಿನ. ಈಗಿನ ಗಡಿಯಾರಕ್ಕೆ ಇಳಿಸಿದರೆ ಗಳಿಗೆ 24 ನಿಮಿಷ, ವಿಗಳಿಗೆ 24 ಸೆಕೆಂಡು, ಪ್ರಾಣ 4 ಸೆಕೆಂಡು, ಗುರು 0.4 ಸೆಕೆಂಡು. ಗುರುವಿಗೆ 2 ಮಾತ್ರೆ, ಆದ್ದರಿಂದ ಮಾತ್ರೆ 0.2 ಸೆಕೆಂಡು.

ಇಷ್ಟು ಕೈಯಲ್ಲಿದ್ದರೆ ಛಂದಸ್ಸೇ ನಿಮ್ಮ ಗಡಿಯಾರ. ಭಾಮಿನಿ ಷಟ್ಪದಿಯಲ್ಲಿ 1, 2, 4, 5ನೇ ಸಾಲಿಗೆ 14 ಮಾತ್ರೆ, 3 ಮತ್ತು 6ನೆಯದಕ್ಕೆ 23 ಮಾತ್ರೆ, ಒಟ್ಟು 102. ವಿಗಳಿಗೆಗೆ ಬೇಕಾದದ್ದು 120. ಅಂದರೆ ‘ಒಂದು ಭಾಮಿನಿ ಪದ್ಯ ಹೇಳಿದರೆ ಒಂದು ವಿಗಳಿಗೆ ಕಟ್ಟು ಬೀಳುತ್ತದೆ’ ಎಂದು ನಿಮ್ಮ ಮಾಂತ್ರಿಕ ನಂಬಿದ್ದರೆ ಕೊನೆಯ 18 ಮಾತ್ರೆ, ಸುಮಾರು ಮೂರೂವರೆ ಸೆಕೆಂಡು, ಬಾಗಿಲು ತೆರೆದೇ ಇರುತ್ತದೆ. ವಾರ್ಧಕ ಷಟ್ಪದಿ 144 ಮಾತ್ರೆ, ಅದು 24 ಮಾತ್ರೆ ಮೀರುತ್ತದೆ. ಕಂದ 64, ಎರಡು ಕಂದ ಹೇಳಿದರೆ 128, ಮೀರಿದ್ದು 8 ಮಾತ್ರೆ ಮಾತ್ರ. ಈ ಮೂರರಲ್ಲಿ ಯಾವ ಪದ್ಯವೂ ವಿಗಳಿಗೆಗೆ ಸರಿಯಾಗಿ ಕೂರುವುದಿಲ್ಲ. ಕಥೆಗಾರರಿಗೆ ಇದಕ್ಕಿಂತ ಅನುಕೂಲದ ಕೊರತೆ ಬೇರೆ ಬೇಕೆ? ಇದು ಲೆಕ್ಕದ ಉಚ್ಚಾರ ಎಂಬುದು ನೆನಪಿರಲಿ. ಗಮಕಿಗಳು ರಾಗ ಹಿಡಿದು ವಾಚಿಸಿದರೆ ಇದರ ಎರಡು ಮೂರು ಪಟ್ಟು ಹೊತ್ತು ಹಿಡಿದೀತು.

ನಿಮ್ಮ ನಮೂದನ್ನು ಹೀಗೆ ತಿದ್ದಬಹುದು:

‘ಸ್ತಂಭನಾದ (ನಾ.) ಮಂದ್ರ ಷಡ್ಜದಲ್ಲಿ ಎಳೆಯುವ ಆಕಾರ. ಅವಧಿ 1 ಪ್ರಾಣ, ಒಂದೇ ಉಸಿರು. ಕೇಳಿದವರ ಕಾಲ ಮಾತ್ರ ನಿಲ್ಲುವುದು, ಎಳೆದವನದು ನಿಲ್ಲದು. ದೋಷ: 9ನೇ ಗುರುವಿಗೆ ಉಸಿರು ಮುರಿದರೆ ಕೇಳಿದವನಿಗೆ ನಿಂತದ್ದು 9 ಗುರು, ಎಳೆದವನ ಆಯುಸ್ಸಿನಲ್ಲಿ ಕಳೆಯುವುದು ಪೂರಾ 1 ವಿಗಳಿಗೆ. ಕಿವುಡರ ಮೇಲೆ ನಡೆಯದೆಂದು ಒಂದು ಪಕ್ಷ. ನೆಲದ ಅದುರು ಅಂಗಾಲಿಗೆ ತಾಗಿದರೆ ಸಾಕೆಂದು ಇನ್ನೊಂದು. ನೋಡಿ: ಉಸಿರುಸಾಲ.’

‘ಗುಪ್ತ’ ಎಂಬ ಮಾತು ಹೋಯಿತು. ಕೋಶದಲ್ಲಿ ಅಚ್ಚಾದ ಮೇಲೆ ಗುಪ್ತವೆಲ್ಲಿಂದ ಬಂತು!

ಪ್ರಶ್ನೆ: ಕೋಶ 17ನೇ ಶತಮಾನದ್ದು ಎಂದು ಇಟ್ಟುಕೊಂಡಿದ್ದೇನೆ. ನಮೂದುಗಳು ಅಕಾರಾದಿಯಲ್ಲಿವೆ. ಒಟ್ಟು ರಚನೆ ಹೇಗಿರಬೇಕು? (ತೀರ್ಥಹಳ್ಳಿ)

ಅಕಾರಾದಿ ಅಲ್ಲಿ ಅಷ್ಟು ಹೊಂದುವುದಿಲ್ಲ. ನಮ್ಮ ಹಳೆಯ ನಿಘಂಟುಗಳು ಹೆಚ್ಚಾಗಿ ಪದ್ಯದಲ್ಲಿ, ಬಾಯಿಪಾಠಕ್ಕೆಂದು ಕಟ್ಟಿದವು. ವಿಶ್ವಕೋಶದಂಥ ಗ್ರಂಥಗಳು ವಿಷಯಕ್ಕೆ ತಕ್ಕಂತೆ ವಿಂಗಡವಾದವು. ಕಲ್ಯಾಣ ಚಾಲುಕ್ಯರ ಮೂರನೇ ಸೋಮೇಶ್ವರನ ‘ಮಾನಸೋಲ್ಲಾಸ’ದಲ್ಲಿ 5 ವಿಂಶತಿ, ಒಂದೊಂದರಲ್ಲಿ 20 ಅಧ್ಯಾಯ, ಒಟ್ಟು 100. ಕೆಳದಿ ಬಸವಪ್ಪ ನಾಯಕನ ‘ಶಿವತತ್ತ್ವರತ್ನಾಕರ’ದಲ್ಲಿ 9 ಕಲ್ಲೋಲ, 108 ತರಂಗ. ಹುಡುಕಿ ನೋಡುವುದಕ್ಕೆಂದೇ ಅಕಾರಾದಿಯಲ್ಲಿ ಜೋಡಿಸಿದ ದಪ್ಪ ಕೋಶ ಎಂದಾಗ ನಮಗೆ ನೆನಪಾಗುವುದು 1894ರ ಕಿಟೆಲ್ ನಿಘಂಟು, ಅಂದರೆ ಅಚ್ಚಿನ ಕಾಲ.

ನಿಮಗೆ ಎರಡು ದಾರಿ. ಮೂಲಗ್ರಂಥವನ್ನು ಪ್ರಕರಣಗಳಾಗಿ ಒಡೆಯಿರಿ, ಪ್ರಕರಣಗಳ ಹೆಸರಿಗೆ ಒಂದೇ ರೂಪಕ ಹಿಡಿಯಿರಿ. ಕಡಲಾದರೆ ಕಲ್ಲೋಲ, ತರಂಗ. ಗಂಟೆಯಾದರೆ ಘಾತ, ಅನುರಣನ. ಇಲ್ಲವೇ, ನಂತರದ ಒಬ್ಬ ಸಂಪಾದಕ ಅದನ್ನು ಅಕಾರಾದಿಗೆ ಇಳಿಸಿದ ಎಂದಿಡಿ. ಎರಡನೆಯದು ನಮಗೆ ಹೆಚ್ಚು ಹಿಡಿಸುತ್ತದೆ, ಏಕೆಂದರೆ ಆಗ ಪುಟದ ಮೇಲೆ ಎರಡು ದನಿ ಸಿಗುತ್ತವೆ: ಮೂಲದವನು ಹೇಳಿದ್ದು, ಸಂಪಾದಕ ನಂಬದೆ ಇದ್ದದ್ದು. ಅಕಾರಾದಿ ಎಂದ ಮೇಲೆ ಕ್ಷ ಬರುವುದು ಕಕಾರದಲ್ಲಿ, ಜ್ಞ ಜಕಾರದಲ್ಲಿ. ಹಳಗನ್ನಡದ ಱ, ೞ ಎಲ್ಲಿ ಬರಬೇಕೆಂದು ಮೊದಲೇ ತೀರ್ಮಾನಿಸಿ ಬರೆದಿಟ್ಟುಕೊಳ್ಳಿ. ಮುಂದೆ ‘ಎೞಲ್’ ಎಂಬ ನಮೂದು ಬಂದಾಗ ತಡಕಾಡುವುದು ತಪ್ಪುತ್ತದೆ.

ಪ್ರಮಾಣದ ಬಗ್ಗೆ: ಕಾದಂಬರಿಯಲ್ಲಿ ಓದುಗರ ಕಣ್ಣಿಗೆ ಬೀಳುವ ನಮೂದು 12 ದಾಟದಿರಲಿ. ಅವುಗಳಲ್ಲಿ ಮೂರರಲ್ಲಿ ಪಕ್ಷಭೇದ, ಒಂದರಲ್ಲಿ ನೇರ ತಪ್ಪು, ಒಂದರಲ್ಲಿ ‘ನೋಡಿ’ ಎಂದು ಕಳಿಸಿ ಅಲ್ಲಿ ಏನೂ ಇಲ್ಲದಿರುವುದು. ಹತ್ತಕ್ಕೆ ಹತ್ತರಲ್ಲೂ ಹೀಗೆ ಆಡಿದರೆ ಓದುಗರು ಕೋಶವನ್ನು ನಂಬುವುದೇ ಬಿಡುತ್ತಾರೆ, ಆಮೇಲೆ ನಿಮ್ಮ ತಪ್ಪು ತಪ್ಪಾಗಿ ಕಾಣುವುದೂ ಇಲ್ಲ.

ಪ್ರಶ್ನೆ: ಓಲೆಗರಿಯ ಕೊನೆಯಲ್ಲಿ ‘ಶಕವರ್ಷ 1552ನೆಯ ಶುಕ್ಲ ಸಂವತ್ಸರದಲ್ಲಿ ಬರೆದು ಮುಗಿಸಿದೆನು’ ಎಂದು ಹಾಕಿದ್ದೇನೆ. ಸರಿಯೇ? (ಹಾಸನ)

ಶಕವರ್ಷಕ್ಕೆ 78 ಕೂಡಿಸಿದರೆ ಕ್ರಿಸ್ತಶಕ, ನಿಮ್ಮದು 1630–31. ಸಂವತ್ಸರ ತಿಳಿಯಲು ಶಕವರ್ಷಕ್ಕೆ 12 ಕೂಡಿಸಿ 60ರಿಂದ ಭಾಗಿಸಿ, ಉಳಿದ ಶೇಷವನ್ನು ಪ್ರಭವದಿಂದ ಎಣಿಸಿ. 1564ನ್ನು 60ರಿಂದ ಭಾಗಿಸಿದರೆ ಶೇಷ 4, ಅಂದರೆ ಪ್ರಭವ, ವಿಭವ, ಶುಕ್ಲ, ಪ್ರಮೋದೂತ. ನಿಮ್ಮ ‘ಶುಕ್ಲ’ ಒಂದು ವರ್ಷ ಹಿಂದಿನದು. ಹಾಗೆಂದು ಹೊಡೆದುಹಾಕಬೇಡಿ. ಕಳೆದ ವರ್ಷವನ್ನು ಎಣಿಸಬೇಕೋ ನಡೆಯುತ್ತಿರುವುದನ್ನೋ ಎಂಬ ಗೊಂದಲದಿಂದ ನಿಜವಾದ ಶಾಸನಗಳಲ್ಲೂ ಒಂದು ವರ್ಷದ ಹೆಚ್ಚುಕಡಿಮೆ ಸಿಗುತ್ತದೆ. ಕಾಲವಿದ್ಯೆಯ ಗ್ರಂಥಕ್ಕೆ ಒಂದು ವರ್ಷ ಕಳೆದುಹೋಗಿದ್ದರೆ ಅದನ್ನು ಕಥೆಗೇ ಬಳಸಬಹುದು. ಆದರೆ ತಿಳಿದು ಮಾಡಿದ್ದು ಎಂಬುದಕ್ಕೆ ಸಂಪಾದಕನ ಬಾಯಲ್ಲಿ ಒಂದು ಸಾಲು ಹೇಳಿಸಿ. ಎರಡು ವರ್ಷ ತಪ್ಪಿದರೆ ಅದು ಬರಿಯ ತಪ್ಪು.

ಪ್ರಶ್ನೆ: ಮಂತ್ರಗಳ ಹೆಸರಲ್ಲೇ ಸಂಖ್ಯೆ ಅಡಗಿರಬೇಕು. ಕಟಪಯಾದಿ ಬಳಸಬಹುದೆ? (ಮೈಸೂರು)

ಬಳಸಿ, ಅದು ಹುಟ್ಟಿರುವುದೇ ಅದಕ್ಕೆ. ಅಕ್ಷರಕ್ಕೆ ಅಂಕಿ ಹಚ್ಚುವ ಲೆಕ್ಕ ಅದು: ಕ ಟ ಪ ಯ ಅಂದರೆ 1, ಅಲ್ಲಿಂದ ವರ್ಗದ ಕ್ರಮದಲ್ಲಿ ಏರಿಕೆ, ಞ ಮತ್ತು ನ ಸೊನ್ನೆ. ಬಂದ ಅಂಕಿಗಳನ್ನು ತಿರುವಿ ಓದಬೇಕು. ‘ಕಾಲ’ ಎಂದರೆ 1, 3, ತಿರುವಿದರೆ 31. ‘ನಾದ’ ಎಂದರೆ 0, 8, ತಿರುವಿದರೆ 80. ‘ಲಯ’ 13. ‘ಮೌನ’ 5, 0. ತಿರುವಿದರೆ ಬರೀ 5. ನಾದ 80 ಆಗಿ ಮೌನ 5 ಆಗಿರುವುದು ತಾನಾಗಿ ಬಿದ್ದ ಲಾಟರಿ, ಎತ್ತಿಕೊಳ್ಳಿ.

ಎಡವುವುದು ಒತ್ತಕ್ಷರದಲ್ಲಿ. ಒತ್ತಿನ ಕೊನೆಯ ವ್ಯಂಜನವನ್ನೇ ಎಣಿಸಬೇಕೆಂಬುದು ನಿಯಮ. ಹೆಸರಿನ ಮೊದಲ ಎರಡಕ್ಷರವೇ ಕ್ರಮಸಂಖ್ಯೆಯಾಗುವ, ಕರ್ನಾಟಕ ಸಂಗೀತದ 72 ಮೇಳಕರ್ತ (ಮೂಲ) ರಾಗಗಳಲ್ಲಿ ‘ರತ್ನಾಂಗಿ’ ಹಾಗೇ ಬರುತ್ತದೆ: ರ 2, ತ್ನಾದಲ್ಲಿ ನ 0, ತಿರುವಿದರೆ 2ನೇ ಮೇಳ. ಆದರೆ ‘ಚಕ್ರವಾಕ’ 16ನೇ ಮೇಳ. ಚ 6 ಸರಿ, ಕ್ರದಲ್ಲಿ ರ ಹಿಡಿದರೆ 2, ತಿರುವಿ 26 ಆಗಿಬಿಡುತ್ತದೆ. ಕ ಹಿಡಿದರೆ ಮಾತ್ರ 16. ‘ವಿಶ್ವಂಭರಿ’ 54ನೆಯದು, ಅಲ್ಲೂ ಶ್ವದ ಶ ಎಣಿಕೆಗೆ ಬರುತ್ತದೆ, ವ ಅಲ್ಲ. ಸಂಗೀತದವರಿಗೆ ಇದು ಬಾಯಿಪಾಠ, ಅವರು ತಲೆ ಕೆಡಿಸಿಕೊಳ್ಳುವುದಿಲ್ಲ. ನಿಮ್ಮ ಕೋಶದಲ್ಲಿ ಒಂದು ಮಂತ್ರದ ಹೆಸರಿಗೆ ಒತ್ತಕ್ಷರ ಇಟ್ಟರೆ ಎರಡು ಸಂಖ್ಯೆ ಹುಟ್ಟುತ್ತವೆ, ಎರಡು ಗುರುಪರಂಪರೆಗಳ ಜಗಳವೂ ಹುಟ್ಟುತ್ತದೆ. ಜಗಳ ಬೇಡವಾದರೆ ಒತ್ತಿಲ್ಲದ ಹೆಸರು ಆರಿಸಿ.

ಪ್ರಶ್ನೆ: ನನ್ನ ಕಥೆಯ ಖಳ ಗಳಿಗೆಬಟ್ಟಲಿನಿಂದ ಕಾಲ ಕದಿಯುತ್ತಾನೆ. ಮಂತ್ರ ಹಾಕದೆಯೇ ಕದಿಯುವ ದಾರಿ ಇದೆಯೇ? (ಉಡುಪಿ)

ಇದೆ, ಸಾಕಷ್ಟಿದೆ. ಮೊದಲು ಬಟ್ಟಲನ್ನು ಕಣ್ಣಿಗೆ ತಂದುಕೊಳ್ಳಿ. ಅರ್ಧಗೋಲದ ತಾಮ್ರದ ಬಟ್ಟಲು, ತಳದಲ್ಲಿ ಸೂಜಿಗಾತ್ರದ ತೂತು. ಸಿದ್ಧಾಂತಗ್ರಂಥಗಳು ಹೇಳುವ ಒಂದು ಅಳತೆ: 10 ಪಲ ತಾಮ್ರ, 6 ಅಂಗುಲ ಎತ್ತರ, 12 ಅಂಗುಲ ಬಾಯಿ. ಅಗಲ ಪಾತ್ರೆಯ ನೀರಿನ ಮೇಲೆ ತೇಲಬಿಟ್ಟರೆ ತಳದಿಂದ ಒಳಗೆ ನೀರೇರುತ್ತ ಬಂದು, ಅಂಚು ಒದ್ದೆಯಾಗಿ, ಒಮ್ಮೆಲೇ ಗುಳುಂ ಎಂದು ಮುಳುಗುತ್ತದೆ. ಆ ಮುಳುಗಿಗೆ ಒಂದು ಗಳಿಗೆ. ಕಾಯುವವನು ಜಾಗಟೆ ಬಾರಿಸಿ, ಬಟ್ಟಲೆತ್ತಿ, ನೀರು ಚೆಲ್ಲಿ, ಮತ್ತೆ ತೇಲಿಬಿಡಬೇಕು. ದಿನಕ್ಕೆ 60 ಸಲ.

ಇನ್ನು ಕೆಡಿಸುವ ಬಗೆ. ತೂತಿನ ಅಂಚಿಗೆ ಜೇನುಮೇಣ ಸವರಿ ವ್ಯಾಸವನ್ನು ನೂರಕ್ಕೆ 5ರಷ್ಟು ಕಿರಿದು ಮಾಡಿದರೆ ತೂತಿನ ವಿಸ್ತೀರ್ಣ ನೂರಕ್ಕೆ ಹತ್ತಿರ ಹತ್ತಿರ 10 ಕಡಿಮೆಯಾಗುತ್ತದೆ, 24 ನಿಮಿಷದ ಗಳಿಗೆ ಸುಮಾರು ಇಪ್ಪತ್ತಾರೂವರೆಗೆ ಹಿಗ್ಗುತ್ತದೆ. ಗಡಸು ನೀರಿನ ಊರಲ್ಲಿ ಸುಣ್ಣದ ಪೊರೆ ಕಟ್ಟಿ ಇದೇ ಕೆಲಸ ತಾನಾಗಿ ನಡೆಯುತ್ತದೆ. ಬಟ್ಟಲಿಗೆ ಭಾರ ಕೂಡಿಸಿದರೆ ಉಲ್ಟಾ: ಬಟ್ಟಲು ಇನ್ನಷ್ಟು ಆಳಕ್ಕೆ ಕೂತು, ನೀರು ಜೋರಾಗಿ ನುಗ್ಗಿ, ಗಳಿಗೆ ಕುಗ್ಗುತ್ತದೆ. ಹಿಂದಿನ ಸಲದ ನೀರನ್ನು ಪೂರ್ತಿ ಚೆಲ್ಲದಿದ್ದರೂ ಬೇಗ ಮುಳುಗುತ್ತದೆ. ಬೆಳಗಿನ ಜಾವದ ತಣ್ಣೀರು ತೂತಿನಲ್ಲಿ ಕೊಂಚ ನಿಧಾನ, ಆದ್ದರಿಂದ ರಾತ್ರಿಯ ಗಳಿಗೆ ಹಗಲಿನದಕ್ಕಿಂತ ಕೂದಲೆಳೆ ಉದ್ದ. ಗಣಿತಜ್ಞ ಭಾಸ್ಕರಾಚಾರ್ಯರ ಮಗಳು ಲೀಲಾವತಿಯ ಮದುವೆಯಲ್ಲಿ ಮುತ್ತು ಬಿದ್ದು ತೂತು ಮುಚ್ಚಿದ ಕಥೆ ಎಲ್ಲರಿಗೂ ಗೊತ್ತು, ದಯವಿಟ್ಟು ಮುತ್ತಿನ ತಂಟೆಗೆ ಹೋಗಬೇಡಿ.

ಆದರೆ ಖಳನಿಗೆ ಇವೆಲ್ಲಕ್ಕಿಂತ ದೊಡ್ಡ ಕನ್ನ ಬೇರೆ ಕಡೆ ಇದೆ. ಬಟ್ಟಲು ಮುಳುಗಿದ ಕ್ಷಣಕ್ಕೂ ಮತ್ತೆ ತೇಲಿಬಿಟ್ಟ ಕ್ಷಣಕ್ಕೂ ನಡುವಿನ ಹೊತ್ತನ್ನು ಬಟ್ಟಲು ಅಳೆಯುವುದಿಲ್ಲ. ಕೈ ಚುರುಕಿನವನಿಗೂ ಅದಕ್ಕೆ 4 ಸೆಕೆಂಡು, ಅಂದರೆ 1 ಪ್ರಾಣ ಬೇಕು ಎಂದಿಟ್ಟುಕೊಳ್ಳಿ. ದಿನಕ್ಕೆ 60 ಪ್ರಾಣ. 360 ದಿನದ ಸಾವನ ವರ್ಷಕ್ಕೆ 21,600 ಪ್ರಾಣ. ಒಂದು ದಿನದಲ್ಲಿರುವ ಪ್ರಾಣಗಳೂ ಸರಿಯಾಗಿ 21,600. ವರ್ಷಕ್ಕೆ ಪೂರಾ ಒಂದು ದಿನ ಯಾರ ಲೆಕ್ಕಕ್ಕೂ ಸೇರದೆ ಬಟ್ಟಲಿನ ಆಚೆ ಚೆಲ್ಲಿಹೋಗುತ್ತದೆ. ನಿಜವಾಗಿ ಬಟ್ಟಲು ಕಾಯುವವರು ಸೂರ್ಯೋದಯಕ್ಕೆ ಎಣಿಕೆ ಹೊಸದಾಗಿ ಹಿಡಿಯುತ್ತಿದ್ದರಿಂದ ತಪ್ಪು ದಿನದಿನಕ್ಕೂ ತೊಳೆದುಹೋಗುತ್ತಿತ್ತು. ತೊಳೆದ ನೀರನ್ನು ಹಿಡಿದಿಡುವವನೇ ನಿಮ್ಮ ಖಳ.

ಪ್ರಶ್ನೆ: ಗೋಳಗುಮ್ಮಟದಂಥ ಗುಮ್ಮಟದಲ್ಲಿ ಒಂದು ಗಳಿಗೆಯ ಹಿಂದೆ ಆಡಿದ ಮಾತು ಈಗ ಕೇಳಬೇಕು. ನಂಬುವಂತೆ ಬರೆಯುವುದು ಹೇಗೆ? (ಬಾಗಲಕೋಟೆ)

ಮೊದಲು ನಿಜದ ಲೆಕ್ಕ. 20 ಡಿಗ್ರಿ ಉಷ್ಣತೆಯ ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 343 ಮೀಟರ್ ಓಡುತ್ತದೆ, ಡಿಗ್ರಿಗೆ 0.6 ಮೀಟರ್ ಏರುತ್ತದೆ. 1656ರಲ್ಲಿ ಮುಗಿದ ಗೋಳಗುಮ್ಮಟದ ಒಳವ್ಯಾಸ ಸುಮಾರು 38 ಮೀಟರ್. ಪಿಸುಗುಟ್ಟುವ ಮೊಗಸಾಲೆಯಲ್ಲಿ ನಿಂತು ಚಪ್ಪಾಳೆ ಹೊಡೆದರೆ ಶಬ್ದ ಎದುರು ಗೋಡೆಗೆ ಹೋಗಿ ಬರಲು 76 ಮೀಟರ್, 0.22 ಸೆಕೆಂಡು. ಮೇಲೆ ಹೇಳಿದ ಲೆಕ್ಕದಲ್ಲಿ ಒಂದು ಲಘು 0.2 ಸೆಕೆಂಡು. ಅಂದರೆ ‘ಕ’ ಎಂದು ಬಾಯಿ ಮುಚ್ಚುವಷ್ಟರಲ್ಲಿ ನಿಮ್ಮ ‘ಕ’ ವಾಪಸಾಗಿರುತ್ತದೆ. ‘ಕಾ’ ಎಂದರೆ ನಿಮ್ಮ ಬಾಯಿ ಮುಚ್ಚುವ ಮುನ್ನವೇ ಅದು ನಿಮ್ಮ ಮೇಲೆ ಬಂದು ಬೀಳುತ್ತದೆ. ಗುಮ್ಮಟದೊಳಗೆ ಹೇಳುವ ಮಂತ್ರ ಬರೀ ಲಘುಗಳಲ್ಲಿರಬೇಕು ಎಂಬ ನಿಯಮ ನಿಮ್ಮ ಕೋಶಕ್ಕೆ ಇಲ್ಲೇ ಸಿಕ್ಕಿತು.

ಒಂದು ಗಳಿಗೆಯಲ್ಲಿ ಶಬ್ದ ಓಡುವುದು ಸುಮಾರು 494 ಕಿಲೋಮೀಟರ್. 38 ಮೀಟರ್ ಗುಮ್ಮಟದಲ್ಲಿ ಅದು 13,000 ಸಲ ಅಡ್ಡ ದಾಟಬೇಕು. ಒಂದೊಂದು ಬಡಿತಕ್ಕೆ ನೂರರಲ್ಲಿ 1 ಪಾಲು ಮಾತ್ರ ಗೋಡೆ ನುಂಗಿದರೂ 700 ಬಡಿತಕ್ಕೆ ಸಾವಿರದಲ್ಲಿ 1 ಪಾಲೂ ಉಳಿಯದು. ಆದ್ದರಿಂದ ಮಾಯೆಯನ್ನು ಒಂದೇ ಕಡೆ ಹಚ್ಚಿ: ಗೋಡೆ ನುಂಗದಂತೆ ತಡೆಯುವುದು. ಗಾರೆಗೆ ಏನೋ ಬೆರೆಸಿದ್ದರು ಎಂದಿಡಿ. ಉಳಿದದ್ದೆಲ್ಲ ಲೆಕ್ಕದ ಪ್ರಕಾರವೇ ನಡೆಯಲಿ. ಆಗ ದೋಷವೂ ತಾನೇ ಸಿಗುತ್ತದೆ. ಬಿಸಿಲೇರಿ ಗಾಳಿ 10 ಡಿಗ್ರಿ ಕಾದರೆ ಶಬ್ದದ ವೇಗ 6 ಮೀಟರ್ ಏರಿ, ಗಳಿಗೆಯ ಹಿಂದಿನ ಮಾತು 25 ಸೆಕೆಂಡು ಮೊದಲೇ ಬಂದು ಬೇರೆಯವರ ಮಾತಿನ ಮೇಲೆ ಬೀಳುತ್ತದೆ. ಒಂದು ವಿಗಳಿಗೆಗೂ ಚೂರು ಹೆಚ್ಚು!

ಪ್ರಶ್ನೆ: ಹಂಪಿಯ ಸಂಗೀತ ಕಂಬಗಳಂತೆ ಒಂದು ಕಲ್ಲಿನ ವಾದ್ಯ ಕಲ್ಪಿಸಿದ್ದೇನೆ. ‘ಅರ್ಧ ಎತ್ತರದ ಕಂಬ ಒಂದು ಸ್ಥಾಯಿ ಮೇಲೆ’ ಎಂದು ಬರೆದೆ. (ಹೊಸಪೇಟೆ)

ಅದು ತಂತಿಯ ನಿಯಮ. ತಂತಿ ಅರ್ಧವಾದರೆ ಕಂಪನ ದುಪ್ಪಟ್ಟು, ಒಂದು ಸ್ಥಾಯಿ. ಕಂಬ ಬಾಗಿ ನಡುಗುತ್ತದೆ, ಅದರ ಕಂಪನ ಉದ್ದದ ವರ್ಗಕ್ಕೆ ವಿಲೋಮ. ಒಂದೇ ದಪ್ಪದ ಕಂಬ ಅರ್ಧವಾದರೆ ನಾಲ್ಕು ಪಟ್ಟು, ಎರಡು ಸ್ಥಾಯಿ. ಒಂದೇ ಸ್ಥಾಯಿ ಏರಬೇಕಾದರೆ 4 ಅಡಿಯ ಕಂಬವನ್ನು ಸುಮಾರು 2 ಅಡಿ 10 ಅಂಗುಲಕ್ಕೆ ಇಳಿಸಿ, ಇಲ್ಲವೇ ಉದ್ದ ಹಾಗೇ ಬಿಟ್ಟು ದಪ್ಪ ದುಪ್ಪಟ್ಟು ಮಾಡಿ. ಒಳಗೆ ಕಣ್ಣಿಗೆ ಕಾಣದ ಬಿರುಕು ಬಿಟ್ಟರೆ ಸ್ವರ ಇಳಿಯುವುದಷ್ಟೇ ಅಲ್ಲ, ಅನುರಣನವೇ ಸತ್ತು ‘ಟಪ್’ ಎನ್ನುತ್ತದೆ. ವಿಠ್ಠಲ ದೇವಸ್ಥಾನದ ಕಂಬಗಳನ್ನು ತಟ್ಟಲು ಈಗ ಬಿಡುವುದಿಲ್ಲ, ನಿಮ್ಮ ನಾಯಕ ಪ್ರವಾಸಿಯಾಗಿ ಹೋಗಿ ತಟ್ಟುವ ದೃಶ್ಯವಿದ್ದರೆ ತೆಗೆಯಿರಿ.

ಪ್ರಶ್ನೆ: ಎರಡು ತಾಳ ಒಟ್ಟಿಗೆ ಹಾಕಿ, ಅವೆರಡೂ ಕೂಡಿದಾಗ ಕಾಲದ ಬಾಗಿಲು ತೆರೆಯಬೇಕು. 8 ಅಕ್ಷರದ ಆದಿತಾಳ, 4 ಅಕ್ಷರದ ಏಕತಾಳ ತೆಗೆದುಕೊಂಡಿದ್ದೇನೆ. (ಧಾರವಾಡ)

ಹಾಗಾದರೆ ನಿಮ್ಮ ಬಾಗಿಲು ಪ್ರತಿ ಆವರ್ತಕ್ಕೂ ತೆರೆಯುತ್ತದೆ, ಅದು ಬಾಗಿಲಲ್ಲ, ಬೀಸಣಿಗೆ. ಆದಿಯ 8ರ ಜೊತೆ ತಿಶ್ರ ತ್ರಿಪುಟದ 7 ಹಾಕಿ, 56 ಅಕ್ಷರಕ್ಕೊಮ್ಮೆ ಕೂಡುತ್ತವೆ. ಇನ್ನೂ ದೂರ ಬೇಕಾದರೆ ಸಂಕೀರ್ಣ ಜಾತಿ ಧ್ರುವ ತಾಳ, 9, 2, 9, 9 ಸೇರಿ 29 ಅಕ್ಷರ. ಆದಿಯ ಜೊತೆ ಅದು ಕೂಡುವುದು 232 ಅಕ್ಷರಕ್ಕೆ. ತಾಳ ತಪ್ಪದೆ ಅಷ್ಟು ದೂರ ಹೋಗುವ ಇಬ್ಬರನ್ನು ಹುಡುಕುವುದೇ ನಿಮ್ಮ ಕಥೆಯ ಕಷ್ಟ.

ಪ್ರಶ್ನೆ: ಕಾಲ ಹಿಂದಕ್ಕೆ ಹರಿಯುವ ಕೋಣೆಯಲ್ಲಿ ಮಾತು ಹೇಗೆ ಕೇಳಿಸುತ್ತದೆ? ‘ಕಾಲ’ ಎಂದರೆ ‘ಲಕಾ’ ಎಂದೇ? (ಪುಣೆ)

ಅಲ್ಲ. ‘ಲಕಾ’ ಎನ್ನುವುದು ಬರಹವನ್ನು ತಿರುವಿದ್ದು, ಶಬ್ದವನ್ನಲ್ಲ. ‘ಕಾಲ’ದಲ್ಲಿ ಕ್, ಆ, ಲ್, ಅ ಇವೆ. ಹಿಂದುಮುಂದಾದರೆ ಅ, ಲ್, ಆ, ಕ್, ಅಂದರೆ ಹೆಚ್ಚುಕಡಿಮೆ ‘ಅಲಾಕ್’. ವೇದದ ಘನಪಾಠದಲ್ಲಿ ಪದಗಳು 1-2, 2-1, 1-2-3, 3-2-1, 1-2-3 ಎಂದು ಹಿಂದೆ ಮುಂದೆ ಓಡಾಡುತ್ತವೆ, ಆದರೆ ಪದದ ಒಳಗು ಮುರಿಯುವುದಿಲ್ಲ. ಅದು ಕ್ರಮದ ತಿರುವು, ನಿಮ್ಮದು ಕಾಲದ ತಿರುವು. ಕೋಶದಲ್ಲಿ ಎರಡಕ್ಕೂ ಬೇರೆ ಬೇರೆ ನಮೂದು ಇರಲಿ. ಕಿವಿಯಿಂದಲೇ ತಿಳಿಯಬೇಕಾದರೆ ಮೊಬೈಲಿನಲ್ಲಿ ದೇವರಮನೆಯ ಗಂಟೆಯನ್ನು ಧ್ವನಿಮುದ್ರಿಸಿ, ಕಂಪ್ಯೂಟರಿನಲ್ಲಿ ಅಡಾಸಿಟಿಯಂಥ ತಂತ್ರಾಂಶದಲ್ಲಿ ಹಿಂದುಮುಂದು ಮಾಡಿ ಕೇಳಿ. ಎಲ್ಲಿಂದಲೋ ಸಣ್ಣಗೆ ಝೇಂಕಾರ ಹುಟ್ಟಿ, ಉಬ್ಬುತ್ತ ಉಬ್ಬುತ್ತ ಬಂದು, ‘ಟಣ್’ ಎನ್ನಬೇಕಾದ ಜಾಗದಲ್ಲಿ ಕತ್ತರಿಸಿದಂತೆ ನಿಲ್ಲುತ್ತದೆ. ಕೋಣೆಯೊಳಗೆ ಕಾಲಿಡುವವನಿಗೆ ಮೊದಲು ಕೇಳಿಸಬೇಕಾದದ್ದು ಆ ಝೇಂಕಾರ.